ಒಬ್ಬ ಬಾಲಕನ ಲೆಕ್ಕ

1856ರ ಜೂನ್ ತಿಂಗಳಲ್ಲಿ ಅಸ್ಪೃಶ್ಯನೆನಿಸಿದ್ದ ಮಹಾರ ಬಾಲಕನೊಬ್ಬನು ಧಾರವಾಡದ ಸರ್ಕಾರಿ ಶಾಲೆಗೆ ಸೇರಲು ಬೇಡಿಕೊಂಡನು. ಅವನೊಬ್ಬನನ್ನು ಸೇರಿಸಿಕೊಂಡರೆ ಉಳಿದವರೆಲ್ಲ ಶಾಲೆ ತೊರೆದಾರೆಂದು ಮುಂಬಯಿ ಸರ್ಕಾರವು ನಿರಾಕರಿಸಿತು. 1858ರಲ್ಲಿ ಲಂಡನ್ನಿನ ಕಂಪನಿ ನಿರ್ದೇಶಕರು, ಸರ್ಕಾರದ ಖರ್ಚಿನಲ್ಲಿ ನಡೆಯುವ ಶಾಲೆಗಳು ಎಲ್ಲ ವರ್ಗದವರಿಗೂ ತೆರೆದಿರಬೇಕೆಂದು ತಿಳಿಸಿದರು. ಆಜ್ಞೆ ಬಂದರೂ ಜಾತಿಯ ಕಟ್ಟು ಸಡಿಲಲಿಲ್ಲ.

ನೀರಮಾನ್ವಿಯ ಸೀಮೆಗೂ ಈ ಚರಿತ್ರೆ ಹೊರತಲ್ಲ. ರಾಯಚೂರು ದೋಆಬು 1853ರಿಂದ 1860ರವರೆಗೆ ಬ್ರಿಟಿಷರ ಆಡಳಿತದಲ್ಲಿತ್ತು. ಬಳಿಕ 1948ರವರೆಗೆ ನಿಜಾಮರ ಕೈಯಲ್ಲಿತ್ತು. ಅರಸರು ಬದಲಾದರು, ಊರಾಚೆಯ ಕೇರಿ ಅಲ್ಲಿಯೇ ಉಳಿಯಿತು. ಅಲ್ಲಿ ಬೆಳೆದ ಮಗು ಅಕ್ಷರಕ್ಕಿಂತ ಮುಂಚೆ ತಾನು ಯಾವ ಬಾವಿಯನ್ನು ಮುಟ್ಟಬಾರದೆಂಬುದನ್ನು ಕಲಿಯಿತು. ಅಸ್ಪೃಶ್ಯತೆಯನ್ನು ಸಂವಿಧಾನದ 17ನೆಯ ವಿಧಿ ರದ್ದುಗೊಳಿಸಿದ್ದು 1950ರಲ್ಲಿ.

ಸಭೆಯೂ ಈ ವಿಷಯದಲ್ಲಿ ನಿರ್ದೋಷಿಯಲ್ಲ. ದಕ್ಷಿಣ ಭಾರತದ ಕೆಲವು ದೇವಾಲಯಗಳಲ್ಲಿ ಆಸನಗಳೂ ಸ್ಮಶಾನಗಳೂ ಜಾತಿಗನುಸಾರವಾಗಿ ಬೇರೆಯಾಗಿದ್ದವು. ಅನೇಕರನ್ನು ಉಳಿಸಿಕೊಳ್ಳಲು ಒಬ್ಬನನ್ನು ಬಿಡಬಹುದೆಂಬುದು ಮುಂಬಯಿ ಸರ್ಕಾರದ ಲೆಕ್ಕ. ತೊಂಬತ್ತೊಂಬತ್ತನ್ನು ಬಿಟ್ಟು ಒಂದು ಕುರಿಯನ್ನು ಹುಡುಕಹೊರಟ ಕುರುಬನ ಲೆಕ್ಕ ಬೇರೆ. ಲೂಕನ ಸುವಾರ್ತೆಯ 15ನೆಯ ಅಧ್ಯಾಯವನ್ನು ಬೋಧಿಸುವ ನಾವು, ನಮ್ಮ ಶಾಲೆ ಮತ್ತು ಸಭೆಗಳಲ್ಲಿ ಯಾವ ಲೆಕ್ಕ ನಡೆಯುತ್ತಿದೆಯೆಂದು ಮೊದಲು ಪರೀಕ್ಷಿಸಿಕೊಳ್ಳೋಣ.