ಹಂಡೆಯ ನೀರು

ಹಂಪಿಗೆ ಬಂದವರು ಕಮಲ ಮಹಲಿನ ಸುತ್ತಣ ಎತ್ತರದ ಗೋಡೆ ನೋಡಿ, "ಇದು ಜನಾನಾ, ರಾಣಿಯರು ಇಲ್ಲೇ ಮರೆಯಲ್ಲಿರುತ್ತಿದ್ದರು" ಎನ್ನುತ್ತಾರೆ. ಆ ಹೆಸರು ನಂತರದವರು ಇಟ್ಟದ್ದು. ಅಲ್ಲಿ ರಾಣಿವಾಸವೇ ಇತ್ತೆನ್ನಲು ಗಟ್ಟಿ ಆಧಾರವಿಲ್ಲವೆಂದು ಇತಿಹಾಸಕಾರರು ಹೇಳುತ್ತಾರೆ. ಎತ್ತರದ ಗೋಡೆ ಕಂಡಲ್ಲೆಲ್ಲ ಒಳಗೆ ಹೆಂಗಸರೇ ಇರಬೇಕೆಂದು ನಮಗೆ ಅನ್ನಿಸಿಬಿಡುತ್ತದೆ.

ಈ ಸೀಮೆಯಲ್ಲಿ ಮುಸಲ್ಮಾನರ ಬಾಳು ಹಳೆಯದು. ಇಮ್ಮಡಿ ದೇವರಾಯನ ಸೇವೆಯಲ್ಲಿದ್ದ ಅಹಮದ್ ಖಾನ್ 1439ರಲ್ಲಿ ಹಂಪಿಯಲ್ಲಿ ಕಟ್ಟಿಸಿದ ಮಸೀದಿಯನ್ನು ಅಲ್ಲಿನ ಕನ್ನಡ ಶಾಸನ ಧರ್ಮಸಾಲೆಯೆಂದು ಕರೆಯುತ್ತದೆ. ಅವನ ಮನೆಯ ಹೆಂಗಸರ ಬಾಳನ್ನು ಮಾತ್ರ ಆ ಕಲ್ಲು ಹೇಳದು. ನಮ್ಮ ಚರಿತ್ರೆ ಹುಡುಕಬೇಕಾದರೆ ಬಚ್ಚಲಿಗೇ ಹೋಗಬೇಕು.

ದಂಪತಿಗಳು ಕೂಡಿದ ಬಳಿಕ ಮೈತುಂಬ ಸ್ನಾನ, ಅಂದರೆ ಗುಸ್ಲ್, ಆಗದೆ ನಮಾಜು ಸಲ್ಲದು. ಹೊಸಪೇಟೆಯ ನಮ್ಮ ಹಳೆಯ ಮನೆಯಲ್ಲಿ ಹತ್ತು ಜನಕ್ಕೆ ಎರಡು ಕೋಣೆ, ನಡುವೆ ಒಂದು ಪರದೆ. ನಸುಕಿನಲ್ಲಿ ಸೊಸೆ ನೀರು ತೋಡಿದರೆ ಭಾವ, ಮೈದುನ, ನಾದಿನಿಯರಿಗೆಲ್ಲ ಗುಟ್ಟು ಗೊತ್ತಾದಂತೆ. ಕಂಪ್ಲಿಯಿಂದ ಮದುವೆಯಾಗಿ ಬಂದ ನಮ್ಮ ನಾನಿ ಸದ್ದಾಗದಂತೆ ತಣ್ಣೀರು ಹುಯ್ದುಕೊಳ್ಳುತ್ತಿದ್ದರಂತೆ. ಕೆಲವು ದಿನ ನಾಚಿಕೆಗೆ ಫಜರ್ ನಮಾಜನ್ನೇ ಬಿಟ್ಟು, ಆ ಪಾಪವನ್ನು ಎದೆಯಲ್ಲಿಟ್ಟುಕೊಂಡು ರೊಟ್ಟಿ ತಟ್ಟುತ್ತಿದ್ದರಂತೆ.

ಅದು ಅವರ ಅತ್ತೆಗೆ ತಿಳಿಯಿತು. ಬೈಯಲಿಲ್ಲ, ಕೇಳಲೂ ಇಲ್ಲ. ಮರುದಿನದಿಂದ ತಾವೇ ಎದ್ದು ಹಂಡೆಗೆ ಉರಿ ಹಾಕಿ, "ಇನ್ನು ಹೆಂಗಸರೆಲ್ಲ ನಸುಕಿಗೇ ಮೈ ತೊಳೀಬೇಕು" ಎಂದು ಸಾರಿದರು. ಅರವತ್ತು ದಾಟಿದ ವಿಧವೆ, ತಾವೇ ಮೊದಲು ಮಿಂದರು. ಎಲ್ಲರೂ ಮೀಯುವ ಮನೆಯಲ್ಲಿ ಯಾರ ಗುಟ್ಟು ಯಾರಿಗೆ ತಿಳಿದೀತು?

ಕುರ್‌ಆನ್ ಗಂಡಹೆಂಡಿರನ್ನು ಒಬ್ಬರಿಗೊಬ್ಬರ ಉಡುಪಿಗೆ ಹೋಲಿಸುತ್ತದೆ. ಮದುವಣಗಿತ್ತಿಯರಿಗೆ ಕೊಡುತ್ತಿದ್ದ ಅಶ್ರಫ್ ಅಲಿ ಥಾನ್ವಿಯವರ ಉರ್ದು ಪುಸ್ತಕ 'ಬೆಹಿಶ್ತಿ ಜೇವರ್' ಮುಟ್ಟು, ಮೈಲಿಗೆ, ಸ್ನಾನಗಳ ವಿಷಯವನ್ನು ಮುಚ್ಚುಮರೆಯಿಲ್ಲದೆ ತಿಳಿಸುತ್ತದೆ. ಧರ್ಮ ನಾಚದೆ ಆಡಿದ ಮಾತನ್ನು ಆಡಲು ನಾಚಿದವರು ನಾವು.

ಸಂಡೂರಿನಲ್ಲಿರುವ ನನ್ನ ಮಗಳ ಕೋಣೆಗೇ ಬಚ್ಚಲಿದೆ, ಗೀಸರಿದೆ. ಆದರೂ ಹೆರಿಗೆಯಾಗಿ ಮೂರು ತಿಂಗಳಾದ ಮೇಲೆ ಒಂದು ದಿನ ಅವಳು, "ಅಮ್ಮಿ, ನೋವಾಗ್ತದೆ ಅಂತ ಅವರಿಗೆ ಹೆಂಗ ಹೇಳಲಿ?" ಎಂದು ಪಿಸುಗುಟ್ಟಿದಳು. ಕೋಣೆಗೆ ಗೋಡೆ ಬಂದಿತ್ತು, ಬಾಯಿಗೆ ಮಾತು ಬಂದಿರಲಿಲ್ಲ. "ಹಯಾ ಬೇಕು ಮಗಳೇ, ಆದರೆ ನೋವು ನುಂಗೋದು ಹಯಾ ಅಲ್ಲ. ಇವತ್ತೇ ಹೇಳು" ಎಂದೆ. ಡಾಕ್ಟರಮ್ಮನ ಹತ್ತಿರ ಅವಳ ಜೊತೆ ಗಂಡನೂ ಹೋದ.

ಅವಳು ತಿರುಗಿ ಬಂದ ಸಂಜೆ, ನಾನಿಯ ಅತ್ತೆ ಹಾಕಿದ ಹಂಡೆಯ ಉರಿಯ ಕತೆಯನ್ನು ಮೊದಲ ಸಲ ಅವಳಿಗೆ ಹೇಳಿದೆ.