ಹೆಸರಿನ ಅರ್ಥ: ಕೇಳಿದ್ದೆಲ್ಲ ನಿಜವಲ್ಲ

ಹಾಸನ ತಾಲೂಕಿನ ದುದ್ದದಲ್ಲಾಗಲಿ ಬೇರೆ ಊರಿನಲ್ಲಾಗಲಿ, ಮಗು ಹುಟ್ಟಿದ ಮನೆಯಲ್ಲಿ ಏಳನೆಯ ದಿನದೊಳಗೆ ಹೆಸರಿನ ಚರ್ಚೆ ಜೋರಾಗಿರುತ್ತದೆ. ಹೆಸರುಗಳ ಪುಸ್ತಕವೊಂದು ಕೈಗೆ ಸಿಕ್ಕರೆ, ಅದರಲ್ಲಿ ಅಚ್ಚಾದ ಅರ್ಥವೇ ಅಂತಿಮ. ಆದರೆ ಅಚ್ಚಾದದ್ದೆಲ್ಲ ಸತ್ಯವೇ?

ನಮ್ಮ ನಾಡಿನದೇ ಉದಾಹರಣೆ ನೋಡಿ. 'ಟಿಪ್ಪು ಎಂದರೆ ಕನ್ನಡದಲ್ಲಿ ಹುಲಿ' ಎಂದು ಎಷ್ಟೋ ಇಂಗ್ಲಿಷ್ ಪುಸ್ತಕಗಳು ಬರೆದವು. ಓದಿದ ಕನ್ನಡಿಗ ನಗಬೇಕು. ನಮ್ಮಲ್ಲಿ ಹುಲಿಗೆ ಹುಲಿಯೇ ಹೆಸರು, ಹಳಗನ್ನಡದಲ್ಲಿ ಪುಲಿ. ದೇವನಹಳ್ಳಿಯಲ್ಲಿ ಹುಟ್ಟಿದ ಆ ಮಗುವಿಗೆ ಆರ್ಕಾಟಿನ ಸೂಫಿ ಸಂತ ಟಿಪ್ಪು ಮಸ್ತಾನ್ ಔಲಿಯಾ ಅವರ ಹೆಸರನ್ನಿಟ್ಟರು. ಮುಂದೆ ದೊರೆಯಾದಾಗ ಹುಲಿಯನ್ನು ಲಾಂಛನ ಮಾಡಿಕೊಂಡ. ಸಿಂಹಾಸನದಲ್ಲೂ ಸೈನಿಕರ ಉಡುಪಿನಲ್ಲೂ ಹುಲಿಯ ಗುರುತು ಬಂತು. ಲಾಂಛನವನ್ನು ಕಂಡವರು ಅದನ್ನೇ ಹೆಸರಿನ ಅರ್ಥವೆಂದು ತಿಳಿದರು. ತಂದೆಯ ಹೆಸರಾದ ಹೈದರ್ ಎಂಬುದಕ್ಕೆ ಮಾತ್ರ ಅರಬಿಯಲ್ಲಿ ಸಿಂಹವೆಂಬ ಅರ್ಥ ನಿಜವಾಗಿಯೂ ಇದೆ.

ಹಾಸನ ಜಿಲ್ಲೆಯ ಹೊಯ್ಸಳರ ಹೆಸರಿನ ಕಥೆಯೂ ಇದೇ ಬಗೆಯದು. ಗುರುಗಳು 'ಪೊಯ್ ಸಳ' ಎಂದರು, ಸಳ ಹುಲಿಯನ್ನು ಹೊಡೆದ, ಅದರಿಂದ ವಂಶದ ಹೆಸರು ಬಂತು ಎನ್ನುತ್ತಾರೆ. ಕಥೆ ಸೊಗಸಾಗಿದೆ, ಬೇಲೂರಿನಲ್ಲಿ ಅದು ಶಿಲ್ಪವಾಗಿಯೂ ನಿಂತಿದೆ. ಆದರೆ ಈ ಕಥೆ ಕಾಣಿಸಿಕೊಳ್ಳುವುದು 12ನೇ ಶತಮಾನದ ವಿಷ್ಣುವರ್ಧನನ ಕಾಲದ ಶಾಸನಗಳಲ್ಲಿ. ಪೊಯ್ಸಳ ಎಂಬ ಹೆಸರು ಅದಕ್ಕೂ ಹಿಂದಿನದು. ಹೆಸರು ಮೊದಲು, ಕಥೆ ಆಮೇಲೆ!

ಮಕ್ಕಳ ಹೆಸರಿನಲ್ಲಿ ಇನ್ನೊಂದು ತೊಡಕಿದೆ. ಅರಬಿಯ ಬೇರೆ ಬೇರೆ ಅಕ್ಷರಗಳು ಕನ್ನಡ ಲಿಪಿಯಲ್ಲಿ ಒಂದಾಗಿಬಿಡುತ್ತವೆ. ಹಾರಿಸ್ ಎಂದು ಬರೆದಾಗ ಕೊನೆಯ ಅಕ್ಷರ 'ಸಾ' (ث) ಆದರೆ ಉಳುವವ, 'ಸೀನ್' (س) ಆದರೆ ಕಾವಲುಗಾರ. ಸಮೀನಾ ಎಂಬುದು ಒಂದು ಕಾಗುಣಿತದಲ್ಲಿ ಬೆಲೆಬಾಳುವಳು, ಇನ್ನೊಂದರಲ್ಲಿ ದಪ್ಪನೆಯವಳು. ಆಸಿಯಾ ಎಂಬುದು ಫಿರ್‌ಔನನ ಸತ್ಯವಂತೆ ಪತ್ನಿಯ ಹೆಸರು. ಬೇರೆ ಅಕ್ಷರಗಳಲ್ಲಿ ಬರೆದರೆ 'ಅವಿಧೇಯಳು' ಎಂದಾಗುತ್ತದೆ. ಈ ಎರಡನೆಯ ಹೆಸರಿನ ಮಹಿಳೆಗೆ ಪ್ರವಾದಿಯವರು (ಸ) ಜಮೀಲಾ ಎಂದು ಹೆಸರು ಬದಲಿಸಿದರೆಂದು ಹದೀಸ್ ತಿಳಿಸುತ್ತದೆ. ಹೆಸರಿನ ಅರ್ಥಕ್ಕೆ ಅಷ್ಟು ಬೆಲೆ ಇತ್ತು.

ಮುಸ್ಲಿಮರ ಹೆಸರುಗಳೆಲ್ಲ ಅರಬಿಯವು ಎಂಬ ನಂಬಿಕೆಯೂ ತಪ್ಪು. ಪರ್ವೀನ್, ಶಿರೀನ್ ಪಾರಸಿಯವು. ಸಮೀರ್ ಅರಬಿಯಲ್ಲಿ ಇರುಳಿನ ಮಾತುಕತೆಯ ಸಂಗಾತಿ. ಸಂಸ್ಕೃತದ ಸಮೀರ ಗಾಳಿ. ಎರಡೂ ಚೆಲುವಾದ ಹೆಸರುಗಳೇ, ಆದರೆ ನೆಂಟರಲ್ಲ. ಹಾಗೆಯೇ ನಮ್ಮ ಹಾಸನಕ್ಕೂ ಅರಬಿಯ ಹಸನ್‌ಗೂ ಧ್ವನಿಯ ಹೋಲಿಕೆಯಷ್ಟೇ. ಊರಿನವರು ತಮ್ಮೂರಿನ ಹೆಸರನ್ನು ಹಾಸನಾಂಬೆಗೋ ಸಿಂಹಾಸನಪುರಕ್ಕೋ ಸೇರಿಸಿ ಹೇಳುತ್ತಾರೆ.

ಹಾಗಾದರೆ ಏನು ಮಾಡಬೇಕು? ಮೊದಲು ಹೆಸರು ಯಾವ ಭಾಷೆಯದೆಂದು ಕೇಳಿ. ಆ ಭಾಷೆಯ ಲಿಪಿಯಲ್ಲೇ ಅದನ್ನು ಬರೆಸಿ, ಮೂಲ ಧಾತುವನ್ನು ನಿಘಂಟಿನಲ್ಲಿ ನೋಡಿ. ಹಸನ್, ಹುಸೇನ್, ಮುಹ್ಸಿನ್, ಇಹ್ಸಾನ್ ಎಲ್ಲವೂ ಒಂದೇ ಧಾತುವಿನ ಮಕ್ಕಳು ಎಂಬುದು ಆಗ ತಿಳಿಯುತ್ತದೆ. ಅಕ್ಷರ ಬಲ್ಲ ಹಿರಿಯರೊಬ್ಬರನ್ನು ಕೇಳಿದರೂ ಸಾಕು.

ಮಗು ತನ್ನ ಹೆಸರನ್ನು ಆರಿಸಿಕೊಳ್ಳುವುದಿಲ್ಲ, ಬದುಕಿಡೀ ಹೊರುತ್ತದೆ. 'ನನ್ನ ಹೆಸರಿನ ಅರ್ಥವೇನು?' ಎಂದು ಅದು ಮುಂದೊಮ್ಮೆ ಕೇಳಿದಾಗ ಸುಳ್ಳಲ್ಲದ ಉತ್ತರ ಕೊಡುವುದು ಹೆತ್ತವರ ಹೊಣೆ.