ಕಳೆದುಹೋದ ಹಾಳೆಯೂ ಶ್ರುತದ ಸತ್ಯವೂ

ಜ್ಯೇಷ್ಠ ಶುಕ್ಲ ಪಂಚಮಿಯಂದು, ಶ್ರುತಪಂಚಮಿಯ ಪೂಜೆಗಾಗಿ, ಬಸದಿಗಳ ಶಾಸ್ತ್ರಭಂಡಾರದಿಂದ ಓಲೆಯ ಕಟ್ಟುಗಳನ್ನು ಹೊರತೆಗೆಯುವ ಸಂಪ್ರದಾಯವಿದೆ. ಪುತ್ತೂರು, ಸುಳ್ಯ, ಕಡಬ ಸೀಮೆಯಲ್ಲಿ ಅದು ಮುಂಗಾರು ಕಾಲಿಡುವ ಹೊತ್ತು. ತೇವ, ಗೆದ್ದಲು, ಹುಳುಗಳು ಓಲೆಗೆ ಹುಟ್ಟುಶತ್ರುಗಳು. ಕಟ್ಟನ್ನು ಬಿಚ್ಚಿದಾಗ ಗರಿಯೊಂದು ಮುರಿದಿರುವುದು ಅಥವಾ ಕೊನೆಯ ಗರಿಯೇ ಇಲ್ಲದಿರುವುದು ಅಪರೂಪವಲ್ಲ. ಆಗ ಏಳುವ ಪ್ರಶ್ನೆ ಒಂದೇ: ಇಲ್ಲದುದನ್ನು ಇಲ್ಲವೆಂದು ಒಪ್ಪಿಕೊಳ್ಳಬೇಕೇ, ತಿಳಿದಮಟ್ಟಿಗೆ ತುಂಬಿಸಿಬಿಡಬೇಕೇ?

ಈ ಪ್ರಶ್ನೆ ಜೈನಶ್ರುತಕ್ಕೆ ಮಾತ್ರ ಒದಗಿದುದಲ್ಲ. ಕ್ರೈಸ್ತರ ಹೊಸ ಒಡಂಬಡಿಕೆಯ ಮೂಲಭಾಷೆ ಗ್ರೀಕ್. ಶತಮಾನಗಳ ಕಾಲ ಅದು ಕೈಬರಹದ ಪ್ರತಿಗಳಲ್ಲಿಯೇ ಉಳಿದುಬಂದಿತು. 1516ರಲ್ಲಿ ಸ್ವಿಟ್ಜರ್ಲೆಂಡಿನ ಬಾಸೆಲ್ ನಗರದಲ್ಲಿ ವಿದ್ವಾಂಸ ಎರಾಸ್ಮಸ್ ಅದನ್ನು ಅಚ್ಚು ಹಾಕಿಸಿ ಪ್ರಕಟಿಸಿದನು. ಕಡೆಯ ಗ್ರಂಥವಾದ ‘ಪ್ರಕಟನೆ’ಗೆ ಅವನಿಗೆ ದೊರೆತದ್ದು ಹನ್ನೆರಡನೆಯ ಶತಮಾನದ ಒಂದೇ ಒಂದು ಹಸ್ತಪ್ರತಿ. ಅದೂ ಮಿತ್ರನಿಂದ ಎರವಲಾಗಿ ಬಂದದ್ದು. ಅದರಲ್ಲಿ ಮೂಲವೂ ವ್ಯಾಖ್ಯಾನವೂ ಒಂದರೊಳಗೊಂದು ಹೆಣೆದುಕೊಂಡಿದ್ದವು. ಕೊನೆಯ ಹಾಳೆ ಕಳೆದುಹೋಗಿ ಆರು ವಾಕ್ಯಗಳು ಇಲ್ಲವಾಗಿದ್ದವು.

ಎರಾಸ್ಮಸ್ ಆ ವಾಕ್ಯಗಳನ್ನು ಲ್ಯಾಟಿನ್ ಅನುವಾದದಿಂದ ತಾನೇ ಗ್ರೀಕಿಗೆ ತಿರುಗಿಸಿ ಸೇರಿಸಿದನು. ಹೀಗೆ ಮಾಡಿದೆನೆಂದು ಟಿಪ್ಪಣಿಯಲ್ಲಿ ಒಪ್ಪಿಕೊಂಡೂ ಇದ್ದಾನೆ. ಆದರೆ ಮೂಲ ಮತ್ತೆ ಮತ್ತೆ ಅಚ್ಚಾಗುತ್ತ ಹೋದಂತೆ ಟಿಪ್ಪಣಿ ಮರೆಯಾಯಿತು, ತುಂಬಿದ ಪಾಠ ಉಳಿಯಿತು. ಗ್ರೀಕ್ ಪ್ರತಿಗಳಲ್ಲಿ ‘ಜೀವವೃಕ್ಷ’ ಎಂದಿರುವಲ್ಲಿ ಅವನ ಅಚ್ಚಿನಲ್ಲಿ ‘ಜೀವಗ್ರಂಥ’ ಎಂದಾಯಿತು. ಲ್ಯಾಟಿನ್ನಿನಲ್ಲಿ ಮರಕ್ಕೆ ‘ಲಿಗ್ನೊ’, ಗ್ರಂಥಕ್ಕೆ ‘ಲಿಬ್ರೊ’ ಎಂಬ ರೂಪಗಳಿದ್ದು, ಲಿಪಿಕಾರರ ಕೈಯಲ್ಲಿ ಒಂದು ಇನ್ನೊಂದಾಗಿತ್ತು. 1611ರ ಪ್ರಸಿದ್ಧ ಇಂಗ್ಲಿಷ್ ಅನುವಾದಕ್ಕೂ ಈ ತಪ್ಪು ಹರಿದುಬಂದಿತು. ಈ ಗ್ರಂಥದ ಮಾತುಗಳಿಗೆ ಯಾರೂ ಏನನ್ನೂ ಕೂಡಿಸಬಾರದು, ಕಳೆಯಬಾರದು ಎಂದು ಎಚ್ಚರಿಸುವ ವಾಕ್ಯದಲ್ಲಿಯೇ ಈ ತಪ್ಪು ನುಸುಳಿತೆಂಬುದು ಗಮನಾರ್ಹ. ಎರಾಸ್ಮಸ್ ಬಳಸಿದ ಹಸ್ತಪ್ರತಿಯನ್ನು 1861ರಲ್ಲಿ ಜರ್ಮನಿಯ ಗ್ರಂಥಾಲಯವೊಂದರಲ್ಲಿ ಡೆಲಿಟ್ಜ್ ಎಂಬ ವಿದ್ವಾಂಸನು ಗುರುತಿಸಿದನು. ಆಗ ಮಾತ್ರ ಮೂಲ ಎಷ್ಟು, ತುಂಬಿದ್ದು ಎಷ್ಟು ಎಂಬುದು ಕಣ್ಣಾರೆ ಖಚಿತವಾಯಿತು.

ಬಾಸೆಲ್ ಎಂಬ ಹೆಸರು ದಕ್ಷಿಣ ಕನ್ನಡಕ್ಕೆ ಹೊಸತಲ್ಲ. ಆ ನಗರದ ಮಿಶನ್ನಿನವರು 1834ರಲ್ಲಿ ಮಂಗಳೂರಿಗೆ ಬಂದು, 1841ರಲ್ಲಿ ಮುದ್ರಣಾಲಯವನ್ನು ಸ್ಥಾಪಿಸಿದರು. ಅವರ ಮೂಲಕ ಈ ಜಿಲ್ಲೆಗೆ ಅಚ್ಚಿನ ಪುಸ್ತಕ ಬಂದಿತು. ಆ ಕಾಲದಲ್ಲಿಯೂ ಇದೇ ಜಿಲ್ಲೆಯ ಮೂಡಬಿದಿರೆಯ ಸಿದ್ಧಾಂತ ಬಸದಿಯಲ್ಲಿ ದಿಗಂಬರ ಸಂಪ್ರದಾಯದ ಪರಮಾಗಮಗಳು ಓಲೆಯಲ್ಲಿಯೇ ಇದ್ದವು.

ಪುಷ್ಪದಂತ, ಭೂತಬಲಿ ಆಚಾರ್ಯರ ಷಟ್ಖಂಡಾಗಮಕ್ಕೆ ವೀರಸೇನಾಚಾರ್ಯರು ಒಂಬತ್ತನೆಯ ಶತಮಾನದಲ್ಲಿ ರಚಿಸಿದ ಟೀಕೆ ಧವಲಾ. ಅದರ ಗಾತ್ರ 72,000 ಶ್ಲೋಕಪ್ರಮಾಣ. ಅವರು ಆರಂಭಿಸಿದ ಜಯಧವಲಾ ಟೀಕೆಯನ್ನು ಶಿಷ್ಯ ಜಿನಸೇನಾಚಾರ್ಯರು ಕ್ರಿ.ಶ. 837ರಲ್ಲಿ ಪೂರ್ಣಗೊಳಿಸಿದರು. ಮೂಡಬಿದಿರೆಯ ಪ್ರತಿಗಳು ಶ್ರೀತಾಳೆಯ ಗರಿಗಳ ಮೇಲೆ ಹಳಗನ್ನಡ ಲಿಪಿಯಲ್ಲಿ ಶಾಯಿಯಿಂದ ಬರೆದವು. ಗ್ರಂಥದ ಭಾಷೆ ಪ್ರಾಕೃತ, ಸಂಸ್ಕೃತ. ಉಳಿಸಿದ್ದು ಕನ್ನಡದ ಅಕ್ಷರ. ಮಹಾಬಂಧದ ಪ್ರತಿಯನ್ನು ಮಲ್ಲಿಕಬ್ಬೆ ಎಂಬ ಶ್ರಾವಿಕೆ ಪಂಚಮಿ ವ್ರತದ ಉದ್ಯಾಪನೆಗಾಗಿ ಬರೆಯಿಸಿ, ಮಾಘನಂದಿ ಮುನಿಗಳಿಗೆ ಅರ್ಪಿಸಿದಳು. ಗೃಹಸ್ಥರ ಶಾಸ್ತ್ರದಾನದಿಂದಲೇ ಶ್ರುತ ಉಳಿಯಿತೆಂಬುದಕ್ಕೆ ಬೇರೆ ಸಾಕ್ಷಿ ಬೇಕಿಲ್ಲ.

ಈ ಓಲೆಗಳು ಬಹುಕಾಲ ದರ್ಶನಕ್ಕೆ ದೊರೆತವೇ ಹೊರತು ಅಧ್ಯಯನಕ್ಕಲ್ಲ. ಹತ್ತೊಂಬತ್ತನೆಯ ಶತಮಾನದ ಕೊನೆಯಲ್ಲಿ ಪ್ರತಿಲಿಪಿಯ ಕಾರ್ಯ ಮೊದಲಾಗಿ, ಪ್ರತಿಯ ಪ್ರತಿಗಳು ಉತ್ತರ ಭಾರತವನ್ನು ಮುಟ್ಟಿದವು. ಅವುಗಳ ಆಧಾರದಿಂದ ಡಾ. ಹೀರಾಲಾಲ್ ಜೈನ್ ಅವರು 1939ರಲ್ಲಿ ಧವಲಾದ ಮೊದಲ ಸಂಪುಟವನ್ನು ಪ್ರಕಟಿಸಿದರು. ಮುಂದೆ ಅದು 16 ಸಂಪುಟಗಳಿಗೆ ಬೆಳೆಯಿತು.

ಆ ಮೊದಲ ಸಂಪುಟದ 93ನೆಯ ಸೂತ್ರ ಮನುಷ್ಯಿಣಿಯರ ಗುಣಸ್ಥಾನಗಳನ್ನು ಹೇಳುತ್ತದೆ. ಅಲ್ಲಿ ‘ಸಂಜದ’ ಎಂಬ ಪದವಿರಬೇಕೆಂದು ಸಂಪಾದಕರಿಗೆ ತೋರಿತು. ಕೈಯಲ್ಲಿದ್ದ ಪ್ರತಿಗಳಲ್ಲಿ ಅದಿರಲಿಲ್ಲ. ಅವರು ಅದನ್ನು ಸೂತ್ರದೊಳಗೆ ಸೇರಿಸದೆ, ಬಿಟ್ಟುಹೋದಂತೆ ಕಾಣುತ್ತದೆಂದು ಅಡಿಟಿಪ್ಪಣಿಯಲ್ಲಿ ಸೂಚಿಸಿದರು. ಸ್ತ್ರೀಮುಕ್ತಿಯ ಚರ್ಚೆಗೆ ತಗಲುವ ಪದವಾದುದರಿಂದ ಸಮಾಜದಲ್ಲಿ ದೀರ್ಘ ವಾದವೇ ನಡೆಯಿತು. ಮೂಡಬಿದಿರೆಯ ತಾಡಪತ್ರಗಳೊಡನೆ ಹೋಲಿಸಿ ನೋಡಿದಾಗ ಆ ಪದ ಅಲ್ಲಿ ದೊರೆಯಿತು. ಅರ್ಥವಿಚಾರದಲ್ಲಿ ಭಿನ್ನಮತವಿರಬಹುದು, ಪಾಠದ ಮಟ್ಟಿಗೆ ಓಲೆಯೇ ಸಾಕ್ಷಿ ನುಡಿಯಿತು.

ಎರಾಸ್ಮಸ್‌ನೂ ಹೀರಾಲಾಲರೂ ವಿದ್ವಾಂಸರೇ. ಇಬ್ಬರಲ್ಲಿಯೂ ವಂಚನೆಯ ಉದ್ದೇಶವಿರಲಿಲ್ಲ. ಒಬ್ಬನು ಊಹೆಯನ್ನು ಮೂಲದಲ್ಲಿಟ್ಟನು, ಇನ್ನೊಬ್ಬರು ಊಹೆಯನ್ನು ಊಹೆಯ ಸ್ಥಾನದಲ್ಲಿಯೇ ಇಟ್ಟರು. ಮೊದಲನೆಯದನ್ನು ತಿದ್ದಲು ಶತಮಾನಗಳು ಬೇಕಾದವು. ಎರಡನೆಯದು ಸತ್ಯ ಹೊರಬರುವವರೆಗೆ ದಾರಿಯನ್ನು ತೆರೆದಿಟ್ಟಿತು. ತತ್ತ್ವಾರ್ಥಸೂತ್ರವು ಸತ್ಯಾಣುವ್ರತದ ಅತಿಚಾರಗಳಲ್ಲಿ ಕೂಟಲೇಖಕ್ರಿಯೆಯನ್ನು ಹೆಸರಿಸುತ್ತದೆ. ಅದರೊಡನೆಯೇ ನ್ಯಾಸಾಪಹಾರವನ್ನೂ, ಅಂದರೆ ಇಟ್ಟ ಒಡವೆಯನ್ನು ಹಿಂದಿರುಗಿಸದಿರುವುದನ್ನೂ ಹೇಳುತ್ತದೆ. ಜ್ಞಾನವನ್ನು ಮರೆಮಾಚುವ ನಿಹ್ನವ ಜ್ಞಾನಾವರಣ ಕರ್ಮದ ಆಸ್ರವಕ್ಕೆ ಕಾರಣ. ಇಲ್ಲದುದನ್ನು ಬರೆಯುವುದು ಒಂದು ದೋಷವಾದರೆ, ಇರುವುದನ್ನು ಗೆದ್ದಲಿಗೆ ಬಿಡುವುದೂ ಯಾರಿಗೂ ತೋರಿಸದಿರುವುದೂ ಇನ್ನೊಂದು ದೋಷ.

ಪಂಡಿತ ಕೆ. ಭುಜಬಲಿ ಶಾಸ್ತ್ರಿಗಳು ಮೂಡಬಿದಿರೆ, ಕಾರ್ಕಳ ಮೊದಲಾದ ಭಂಡಾರಗಳ ಓಲೆಗಳನ್ನು ಪರಿಶೀಲಿಸಿ ಸಿದ್ಧಪಡಿಸಿದ ತಾಡಪತ್ರ ಗ್ರಂಥಸೂಚಿ 1948ರಲ್ಲಿ ಪ್ರಕಟವಾಯಿತು. ಅಂಥ ಸೂಚಿ ಪ್ರತಿಯೊಂದು ಬಸದಿಗೂ, ಓಲೆಯಿರುವ ಪ್ರತಿಯೊಂದು ಮನೆಗೂ ಬೇಕು. ಪುತ್ತೂರು, ಸುಳ್ಯ, ಕಡಬದ ಆಡಳಿತ ಮಂಡಳಿಗಳೂ ಮನೆತನಗಳೂ ಮುಂದಿನ ಶ್ರುತಪಂಚಮಿಯಂದು ಪೂಜೆಯೊಡನೆ ಗರಿಗಳನ್ನು ಎಣಿಸಲಿ. ಎಷ್ಟಿವೆ, ಯಾವುದು ಮುರಿದಿದೆ, ಯಾವುದು ಇಲ್ಲ ಎಂಬುದನ್ನು ಪುಸ್ತಕದಲ್ಲಿ ದಾಖಲಿಸಲಿ. ಬಲ್ಲವರಿಂದ ಛಾಯಾಚಿತ್ರ ತೆಗೆಯಿಸಿ ಒಂದು ಪ್ರತಿಯನ್ನು ಬೇರೆಡೆ ಇರಿಸಲಿ. ಕಳೆದ ಗರಿಯ ಸ್ಥಾನದಲ್ಲಿ ‘ಇಲ್ಲಿ ಗರಿ ಇಲ್ಲ’ ಎಂದು ಬರೆದ ಒಂದು ಸಾಲೂ ಶ್ರುತಸೇವೆಯೇ. ಮುಂದೊಂದು ದಿನ ಮತ್ತೊಂದು ಭಂಡಾರದಲ್ಲಿ ಆ ಗರಿ ದೊರೆತಾಗ, ಅದು ಬಂದು ಸೇರಬೇಕಾದ ಸ್ಥಳ ಖಾಲಿಯಾಗಿ ಕಾದಿರುತ್ತದೆ.